ರೈತ ಗುರುತಿನ ಸಂಖ್ಯೆ: ಮೊದಲು ಉತಾರ ನೋಡಿರಿ



ಕಬ್ಬಿನ ಹನಿ ನೀರಾವರಿ ಅನುದಾನವೂ ಸೇರಿ ಮಹಾರಾಷ್ಟ್ರ ಕೃಷಿ ಇಲಾಖೆಯ ಯೋಜನೆಗಳಿಗೆ 2025ರ ಏಪ್ರಿಲ್ 15ರಿಂದ ಈ ಸಂಖ್ಯೆ ಕಡ್ಡಾಯವಾಗಿದೆ. ಕೊಲ್ಹಾಪುರ, ಇಚಲಕರಂಜಿ, ಗಡಹಿಂಗ್ಲಜ ಭಾಗದವರು ಸೇವಾ ಕೇಂದ್ರಕ್ಕೆ ಹೋಗುವಾಗ ಇವು ಕೈಯಲ್ಲಿರಲಿ:

1. ಆಧಾರ್ ಕಾರ್ಡು.
2. ಆಧಾರಿಗೆ ಜೋಡಿಸಿದ ಮೊಬೈಲು. ಓಟಿಪಿ ಅದಕ್ಕೇ ಬರುತ್ತದೆ.
3. ಎಲ್ಲ ಹೊಲಗಳ 7/12 ಮತ್ತು 8-ಅ ಉತಾರ.

ಆಧಾರಿನಲ್ಲೂ ಉತಾರದಲ್ಲೂ ಹೆಸರು ಒಂದೇ ಇದೆಯೇ ನೋಡಿರಿ. ತೀರಿಹೋದ ತಂದೆಯ ಹೆಸರೇ ಉಳಿದಿದ್ದರೆ, ಉಳುವವರು ನೀವೇ ಆದರೂ ಆ ಹೊಲ ನಿಮ್ಮ ಸಂಖ್ಯೆಗೆ ಸೇರದು. ಮರಣ ದಾಖಲೆಯೊಡನೆ ತಲಾಠಿಯವರಲ್ಲಿ ವಾರಸಾ ನೋಂದಣಿಗೆ ಇಂದೇ ಅರ್ಜಿ ಕೊಡಿರಿ. ತಾಯಿ, ಅಕ್ಕತಂಗಿಯರ ಹೆಸರು ಬಿಡಬೇಡಿರಿ.

ಗಡಿಯಾಚೆ ಹುಕ್ಕೇರಿ, ನಿಪ್ಪಾಣಿಯಲ್ಲಿ ಹೊಲವಿದ್ದವರು ಅದನ್ನು ಕರ್ನಾಟಕದ ಫ್ರೂಟ್ಸ್ ನೋಂದಣಿಯಲ್ಲಿ ಬೇರೆಯಾಗಿ ಸೇರಿಸಬೇಕು.

ಸೇವಾ ಕೇಂದ್ರದವರು ಕೊಡುವ ನೋಂದಣಿ ಚೀಟಿಯನ್ನು ಜೋಪಾನವಾಗಿಡಿರಿ.