ಲೋಲಕದ ಕಾಲವೂ ಅದರ ಶಕ್ತಿಯೂ

ದಾರಕ್ಕೆ ಗುಂಡು ಕಟ್ಟಿ ತೂಗಬಿಟ್ಟರೆ ಅದೇ ಸರಳ ಲೋಲಕ. ಅದು ಒಮ್ಮೆ ಹೋಗಿ ಬರಲು ಹಿಡಿಯುವ ಕಾಲವೇ ಆಂದೋಲನಾವಧಿ. ನಡುಸ್ಥಾನದಿಂದ ಗುಂಡು ಪಕ್ಕಕ್ಕೆ ಸರಿಯುವ ಗರಿಷ್ಠ ಕೋನಕ್ಕೆ ಪಾರವೆಂದು ಹೆಸರು. ಆಂದೋಲನಾವಧಿಯು ದಾರದ ಉದ್ದವನ್ನೂ ಗುರುತ್ವವನ್ನೂ ಅವಲಂಬಿಸಿದೆಯೇ ಹೊರತು ಪಾರವನ್ನಲ್ಲ ಎಂದು ನಾವೆಲ್ಲರೂ ಶಾಲೆಯಲ್ಲಿ ಕಲಿತಿದ್ದೇವೆ. ಈ ಮಾತು ಎಷ್ಟರಮಟ್ಟಿಗೆ ನಿಜ?

ಪ್ರಯೋಗಶಾಲೆಯಲ್ಲಿ ನಡೆದ ಒಂದು ಪ್ರಸಂಗ ನಮಗೆ ನೆನಪಿಗೆ ಬರುತ್ತದೆ. ಲೋಲಕದಿಂದ ಗುರುತ್ವ ವೇಗೋತ್ಕರ್ಷವನ್ನು ಕಂಡುಹಿಡಿಯುವ ಪ್ರಯೋಗವದು. ಕರ್ನಾಟಕದಲ್ಲಿ ಅದರ ಬೆಲೆ ಸೆಕೆಂಡಿನ ವರ್ಗಕ್ಕೆ ಸುಮಾರು 978 ಸೆಂಟಿಮೀಟರ್. ಒಬ್ಬ ವಿದ್ಯಾರ್ಥಿಗೆ ಮೂರು ಬಾರಿ ಎಣಿಸಿದರೂ 950ರ ಸಮೀಪದ ಬೆಲೆಯೇ ಬಂದಿತು. ಅವನು ಆ ಅಂಕಿಯನ್ನು ಅಳಿಸಿ, ಪುಸ್ತಕದಲ್ಲಿದ್ದ ಅಂಕಿಯನ್ನು ಬರೆದುಕೊಟ್ಟನು. ಅವನ ಲೋಲಕ ಸುಮಾರು 30 ಡಿಗ್ರಿ ಅಗಲಕ್ಕೆ ತೂಗುತ್ತಿದ್ದುದನ್ನು ಕಂಡಿದ್ದ ನಮಗೆ, ಅಳಿಸಿದ ಅಂಕಿಯೇ ಪ್ರಾಮಾಣಿಕವಾದುದೆಂದು ಆಮೇಲೆ ಹೊಳೆಯಿತು. ಏಕೆಂಬುದನ್ನು ವಿಚಾರಿಸೋಣ.

ಗುಂಡನ್ನು ಪಕ್ಕಕ್ಕೆ ಎಳೆದಾಗ ಗುರುತ್ವವು ಅದನ್ನು ನಡುಸ್ಥಾನಕ್ಕೆ ಮರಳಿಸಲೆಳಸುತ್ತದೆ. ಈ ಮರಳಿಸುವ ಬಲವು ಕೋನದೊಡನೆ ಸಮಪ್ರಮಾಣದಲ್ಲಿ ಬೆಳೆಯುವುದಾದರೆ, ಕೋನ ಇಮ್ಮಡಿಸಿದಾಗ ಹಾದಿಯೂ ಇಮ್ಮಡಿಸುತ್ತದೆ, ಬಲವೂ ಇಮ್ಮಡಿಸುತ್ತದೆ, ಅದರಿಂದ ವೇಗವೂ ಇಮ್ಮಡಿಸುತ್ತದೆ. ಇಮ್ಮಡಿ ಹಾದಿಯನ್ನು ಇಮ್ಮಡಿ ವೇಗದಲ್ಲಿ ಕ್ರಮಿಸಿದರೆ ಕಾಲ ಬದಲಾಗದು. ಬಲವನ್ನೂ ಕೋನವನ್ನೂ ನಕ್ಷೆಯಲ್ಲಿ ಗುರುತಿಸಿದರೆ ಆಗ ಸರಳರೇಖೆ ದೊರೆಯುವುದರಿಂದ ಇಂಥ ಆಂದೋಲನಕ್ಕೆ ರೇಖೀಯವೆಂದು ಹೆಸರು.

ಆದರೆ ಲೋಲಕದಲ್ಲಿ ಬಲವು ಕೋನವನ್ನಲ್ಲ, ಕೋನದ ಸೈನ್ ಬೆಲೆಯನ್ನು ಅನುಸರಿಸುತ್ತದೆ. ಕೋನ ಸಣ್ಣದಿದ್ದಾಗ ಇವೆರಡಕ್ಕೂ ವ್ಯತ್ಯಾಸ ಕಾಣದು. 60 ಡಿಗ್ರಿಯೆಂದರೆ 1.047 ರೇಡಿಯನ್, ಅದರ ಸೈನ್ ಬೆಲೆಯೋ 0.866 ಮಾತ್ರ. ಹಾದಿ ಬೆಳೆದಷ್ಟು ಬಲ ಬೆಳೆಯಲಿಲ್ಲ. ಗುಂಡು ತಡವಾಗಿ ಮರಳುತ್ತದೆ. ಇದೇ ಅರೇಖೀಯ ಆಂದೋಲನ. ಅತಿ ಸಣ್ಣ ತೂಗಾಟದ ಅವಧಿಗೆ ಹೋಲಿಸಿದರೆ, 10 ಡಿಗ್ರಿ ಪಾರದಲ್ಲಿ ಅವಧಿಯು ಶೇಕಡ 0.2ರಷ್ಟು, 30 ಡಿಗ್ರಿಯಲ್ಲಿ ಶೇಕಡ 1.7ರಷ್ಟು, 60ರಲ್ಲಿ 7.3ರಷ್ಟು, 90ರಲ್ಲಿ 18ರಷ್ಟು ಹೆಚ್ಚುತ್ತದೆ. ಗುರುತ್ವದ ಲೆಕ್ಕದಲ್ಲಿ ಅವಧಿಯ ವರ್ಗ ಛೇದದಲ್ಲಿರುವುದರಿಂದ, 30 ಡಿಗ್ರಿಯ ತೂಗಾಟಕ್ಕೆ 978ರ ಬದಲು 945ರಷ್ಟು ಬರಬೇಕು. ಗಾಳಿಯ ತಡೆಯಿಂದ ಪಾರವು ಕುಗ್ಗುತ್ತ ಬರುವುದರಿಂದ ಉತ್ತರ ಸ್ವಲ್ಪ ಮೇಲೇರುತ್ತದೆ. ನಮ್ಮ ವಿದ್ಯಾರ್ಥಿಯ 950 ಹುಟ್ಟಿದ್ದು ಹೀಗೆ.

ಇದನ್ನೇ ಶಕ್ತಿಯ ದೃಷ್ಟಿಯಿಂದಲೂ ನೋಡಬಹುದು. 100 ಸೆಂಟಿಮೀಟರ್ ಉದ್ದದ ಲೋಲಕವನ್ನು 5 ಡಿಗ್ರಿ ಎಳೆದರೆ ಗುಂಡು 4 ಮಿಲಿಮೀಟರಿಗಿಂತಲೂ ಕಡಮೆ ಮೇಲೇರುತ್ತದೆ. 60 ಡಿಗ್ರಿ ಎಳೆದರೆ 50 ಸೆಂಟಿಮೀಟರ್. ಶಕ್ತಿ 130 ಮಡಿಗೂ ಮಿಗಿಲಾಯಿತು. ರೇಖೀಯ ಆಂದೋಲನದಲ್ಲಿ ಕಾಲಕ್ಕೆ ಶಕ್ತಿಯ ಅರಿವೇ ಇಲ್ಲ. ಅರೇಖೀಯದಲ್ಲಿ ಶಕ್ತಿ ಬದಲಾದಂತೆ ಕಾಲವೂ ಬದಲಾಗುತ್ತದೆ. ದಾರದ ಬದಲು ಹಗುರವಾದ ಸರಳನ್ನು ಜೋಡಿಸಿ 179 ಡಿಗ್ರಿಯಿಂದ ಬಿಟ್ಟರೆ ಅವಧಿಯು 3.9 ಮಡಿಯಾಗುತ್ತದೆ. ನೆತ್ತಿಗೆ ಸಮೀಪಿಸಿದಷ್ಟೂ ಈ ಅವಧಿಗೆ ಮಿತಿಯೇ ಇಲ್ಲ.

ಗೆಲಿಲಿಯೊ 1602ರಲ್ಲಿ ಬರೆದ ಪತ್ರವೊಂದರಲ್ಲಿ ದೊಡ್ಡ ತೂಗಾಟಕ್ಕೂ ಸಣ್ಣದಕ್ಕೂ ಒಂದೇ ಕಾಲವೆಂದು ವಾದಿಸಿದ್ದನು. 1656ರಲ್ಲಿ ಲೋಲಕ ಗಡಿಯಾರವನ್ನು ರಚಿಸಿದ ಹಾಲೆಂಡಿನ ಹೈಗೆನ್ಸನು ಈ ಮಾತು ಪೂರ್ತಿ ಸರಿಯಲ್ಲವೆಂದು ಅರಿತು ಪರಿಹಾರವನ್ನು ಹುಡುಕಿದನು. ಉರುಳುವ ಬಂಡಿಯ ಗಾಲಿಯ ಅಂಚಿನಲ್ಲಿ ಸುಣ್ಣದ ಬೊಟ್ಟನ್ನಿಟ್ಟರೆ ಅದು ಗಾಳಿಯಲ್ಲಿ ಬಿಡಿಸುವ ವಕ್ರರೇಖೆಗೆ ಸೈಕ್ಲಾಯ್ಡ್ ಎನ್ನುತ್ತಾರೆ. ಲೋಲಕದ ಗುಂಡು ವೃತ್ತದ ಬದಲು ತಲೆಕೆಳಗಾದ ಸೈಕ್ಲಾಯ್ಡಿನ ಮೇಲೆ ಚಲಿಸಿದರೆ ಪಾರವೆಷ್ಟಾದರೂ ಕಾಲ ಒಂದೇ ಎಂದು ಅವನು 1659ರಲ್ಲಿ ಕಂಡುಕೊಂಡು, 1673ರ ತನ್ನ ಗ್ರಂಥದಲ್ಲಿ ಪ್ರಕಟಿಸಿದನು. ಆದರೆ ಗಡಿಯಾರದ ಕುಶಲಿಗಳು ಹಿಡಿದುದು ಸುಲಭವಾದ ಹಾದಿ: ತೂಗಾಟವನ್ನೇ ಕಿರಿದುಗೊಳಿಸಿದರು. ಅದಕ್ಕೂ ಎಚ್ಚರ ಬೇಕು. 5 ಡಿಗ್ರಿಗೆ ಸರಿಪಡಿಸಿದ ಗಡಿಯಾರವು 10 ಡಿಗ್ರಿ ತೂಗತೊಡಗಿದರೆ ದಿನಕ್ಕೆ 2 ನಿಮಿಷ ಹಿಂದೆ ಬೀಳುತ್ತದೆ.

ವಾಚಕರು ಇದನ್ನು ಮನೆಯಲ್ಲಿಯೇ ಪರೀಕ್ಷಿಸಬಹುದು. ಸಮ ಉದ್ದದ ಎರಡು ದಾರಗಳಿಗೆ ಒಂದೇ ತೂಕದ ಗುಂಡುಗಳನ್ನು ಕಟ್ಟಿ, ಒಂದನ್ನು 5 ಡಿಗ್ರಿಯೂ ಇನ್ನೊಂದನ್ನು 60 ಡಿಗ್ರಿಯೂ ಒಂದೇ ಪಕ್ಕಕ್ಕೆ ಎಳೆದು ಒಟ್ಟಿಗೆ ಬಿಡಿರಿ. ಮೊದಲು ಜೊತೆಯಾಗಿ ಹೊರಟ ಅವು ಹತ್ತು ಆಂದೋಲನಗಳ ಆಸುಪಾಸಿನಲ್ಲಿ ಒಂದು ಎಡಕ್ಕೆ, ಇನ್ನೊಂದು ಬಲಕ್ಕೆ ಎಂಬಂತೆ ಎದುರುಬದುರಾಗಿ ತೂಗುತ್ತಿರುತ್ತವೆ.

ಪಠ್ಯದ ಸೂತ್ರವು ಸುಳ್ಳಲ್ಲ. ಅದಕ್ಕೊಂದು ಮೇರೆಯುಂಟು, ಅಷ್ಟೆ. ಮೇರೆ ಎಲ್ಲಿದೆಯೆಂದು ತೋರಿಸುವುದು ಪುಸ್ತಕಕ್ಕೆ ಹೊಂದದ ಅಂಕಿಯೇ. ಆದುದರಿಂದ ಅಂಥ ಅಂಕಿ ಬಂದಾಗ ಅಳಿಸುವ ಮೊದಲು ಲೋಲಕವು ಎಷ್ಟು ಅಗಲಕ್ಕೆ ತೂಗುತ್ತಿತ್ತೆಂದು ಒಮ್ಮೆ ನೋಡಿರಿ.