ಇಂದಿನ ಧಮ್ಮ ಚಿಂತನೆ: ದ್ವೇಷ ಬೇರೆ, ಸಿಟ್ಟು ಬೇರೆ



ಎಟ್ಟಿ ಹಿಲ್ಲೆಸಮ್ ಆಮ್‌ಸ್ಟರ್‌ಡ್ಯಾಮಿನ ಯಹೂದಿ ಹೆಣ್ಣುಮಗಳು. ಹಾಲೆಂಡ್ ನಾಜಿಗಳ ಕೈಯಲ್ಲಿದ್ದಾಗ, 1941ರ ಮಾರ್ಚ್‌ನಲ್ಲಿ, 27ನೇ ವಯಸ್ಸಿಗೆ ದಿನಚರಿ ಶುರುಮಾಡಿದಳು. ಯಹೂದಿಗಳು ಪಾರ್ಕಿಗೆ ಹೋಗುವಂತಿಲ್ಲ, ಟ್ರಾಮ್ ಹತ್ತುವಂತಿಲ್ಲ, ಸೈಕಲ್ ತುಳಿಯುವಂತಿಲ್ಲ, ಎದೆಯ ಮೇಲೆ ಹಳದಿ ನಕ್ಷತ್ರ. (ಕೆರೆಯ ನೀರು ಮುಟ್ಟಬೇಡ ಅನ್ನಿಸಿಕೊಂಡ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.)

ಆದರೂ ಜರ್ಮನ್ನರೆಲ್ಲರನ್ನೂ ದ್ವೇಷಿಸಲು ಆಕೆ ಒಪ್ಪಲಿಲ್ಲ. ಹೊರಗಿನ ಕ್ರೌರ್ಯದ ಬೀಜ ತನ್ನೊಳಗೂ ಇದೆಯೇ ಎಂದು ಹುಡುಕಿದಳು. ಆಕೆ ಬೌದ್ಧಳಲ್ಲ, ದೇವರೊಡನೆ ಮಾತಾಡುತ್ತಿದ್ದಳು. ಆದರೆ ಈ ಹುಡುಕಾಟ ನಮ್ಮ ಸಮ್ಮಾ ಸತಿಗೆ ಹತ್ತಿರ. ಅನ್ಯಾಯದ ಮೇಲಿನ ಸಿಟ್ಟನ್ನು ಮಾತ್ರ ಬಿಡಲಿಲ್ಲ.

ತಾನೇ ಕೇಳಿಕೊಂಡು ವೆಸ್ಟರ್‌ಬೋರ್ಕ್ ಶಿಬಿರಕ್ಕೆ ಹೋಗಿ ಅಲ್ಲಿದ್ದವರ ಸೇವೆ ಮಾಡಿದಳು. ಅಡಗಿಸುತ್ತೇವೆಂದ ಗೆಳೆಯರ ಮಾತು ಕೇಳಲಿಲ್ಲ. ಇಲ್ಲಿ ನನಗೆ ತಕರಾರಿದೆ. ಬಾಬಾಸಾಹೇಬರು ಮೈತ್ರಿಯ ಜೊತೆ ಹೋರಾಟವನ್ನೂ ಕಲಿಸಿದರಲ್ಲ! ಆದರೆ 1927ರಲ್ಲಿ ಮಹಾಡದ ಕೆರೆಗೆ ನಡೆದವರಿಗಿದ್ದ ದಾರಿ ಆಕೆಗಿತ್ತೇ?

1943ರ ಸೆಪ್ಟೆಂಬರ್ 7ರಂದು ತಂದೆ, ತಾಯಿ, ತಮ್ಮನೊಡನೆ ಆಕೆಯನ್ನೂ ಆಶ್ವಿಟ್ಜ್ ರೈಲಿಗೆ ಹತ್ತಿಸಿದರು. ದಾರಿಯಲ್ಲಿ ಕಾರ್ಡೊಂದನ್ನು ಬರೆದು ಹೊರಗೆಸೆದಳು. ಯಾರೋ ಎತ್ತಿ ಅಂಚೆಗೆ ಹಾಕಿದರು. ಆಶ್ವಿಟ್ಜ್‌ನಿಂದ ಆಕೆ ಮರಳಲಿಲ್ಲ. ಆಗ 29 ವರ್ಷ.

ಸಂಜೆ ವಂದನೆಯ ನಂತರ ಆ ತಕರಾರನ್ನೇ ಚರ್ಚೆಗೆ ಇಡೋಣ.