ರೈಲು–ವಾಹನ ಡಿಕ್ಕಿಯ ಗಾಯಗಳಿಗೆ ವೈದ್ಯಕೀಯ ಕೋಡಿಂಗ್: ಮುಖ್ಯಾಂಶಗಳು

ಬೆಂಗಳೂರು–ಹುಬ್ಬಳ್ಳಿ ರೈಲು ಮಾರ್ಗ ದಾವಣಗೆರೆ ನಗರದ ನಡುವೆ ಹಾದು ಹರಿಹರದತ್ತ ಸಾಗುತ್ತದೆ. ರಾಷ್ಟ್ರೀಯ ಹೆದ್ದಾರಿ 48 ಕೂಡ ಇದೇ ದಿಕ್ಕಿನಲ್ಲಿದೆ. ಹಳಿಯೂ ರಸ್ತೆಯೂ ಸೇರುವ ಕಡೆ ನಡೆಯುವ ಅಪಘಾತಗಳನ್ನು ಕೋಡ್ ಮಾಡುವ ಕ್ರಮ ಇಲ್ಲಿದೆ. ಒಂದು ಸೂತ್ರ ಕೈಯಲ್ಲಿದ್ದರೆ ಅರ್ಧ ಪಾಠ ಮುಗಿದಂತೆ: ಯಾವುದು ಗುದ್ದಿತು ಎಂಬುದಕ್ಕಿಂತ ಮೊದಲು, ಗಾಯಾಳು ಯಾವುದರಲ್ಲಿದ್ದ ಎಂದು ನೋಡಬೇಕು.

1. ಮೂಲ ಸಂಗತಿಗಳು

- ರೋಗಗಳ ಅಂತರರಾಷ್ಟ್ರೀಯ ವರ್ಗೀಕರಣವೇ ಐಸಿಡಿ. ಪ್ರಕಟಿಸುವುದು ವಿಶ್ವ ಆರೋಗ್ಯ ಸಂಸ್ಥೆ.
- ಐಸಿಡಿ-10ಕ್ಕೆ ವಿಶ್ವ ಆರೋಗ್ಯ ಸಭೆಯ ಒಪ್ಪಿಗೆ: 1990. ಬಳಕೆ ಆರಂಭ: 1994.
- ಐಸಿಡಿ-11ಕ್ಕೆ ಒಪ್ಪಿಗೆ: 2019. ಜಾರಿ: 2022ರ ಜನವರಿ 1. ಇದರಲ್ಲಿ ಗಾಯಗಳು 22ನೇ ಅಧ್ಯಾಯ, ಬಾಹ್ಯ ಕಾರಣಗಳು 23ನೇ ಅಧ್ಯಾಯ.
- ಐಸಿಡಿ-10ರಲ್ಲಿ ಗಾಯಗಳು 19ನೇ ಅಧ್ಯಾಯ (ಎಸ್00–ಟಿ98), ಬಾಹ್ಯ ಕಾರಣಗಳು 20ನೇ ಅಧ್ಯಾಯ (ವಿ01–ವೈ98).
- ಸಾರಿಗೆ ಅಪಘಾತಗಳಿಗೆ ಮೀಸಲಾದ ಸಾಲು ವಿ01–ವಿ99.

2. ಎರಡು ಕೋಡ್, ಎರಡು ಕೆಲಸ

- ಎಸ್ ಅಥವಾ ಟಿ ಕೋಡ್ ಯಾವ ಗಾಯ ಎಂದು ಹೇಳುತ್ತದೆ; ವಿ ಕೋಡ್ ಗಾಯ ಹೇಗಾಯಿತು ಎಂದು ಹೇಳುತ್ತದೆ.
- ಚಿಕಿತ್ಸೆ ಪಡೆದ ರೋಗಿಗೆ ಗಾಯದ ಕೋಡ್ ಮುಖ್ಯ, ವಿ ಕೋಡ್ ಅದರ ಜೊತೆಗಾರ.
- ಸಾವಿನ ಅಂಕಿ-ಅಂಶದಲ್ಲಿ ಇದು ತಿರುಗುಮುರುಗು: ಮೂಲ ಕಾರಣವಾಗಿ ದಾಖಲಾಗುವುದು 20ನೇ ಅಧ್ಯಾಯದ ಕೋಡ್. ಪರೀಕ್ಷೆಯಲ್ಲಿ ಪದೇ ಪದೇ ಬರುವ ಅಂಶ.
- ಭಾರತದಲ್ಲಿ ಆಸ್ಪತ್ರೆಯೊಳಗಿನ ಸಾವಿಗೆ ಕಾರಣದ ಪ್ರಮಾಣಪತ್ರ ನಮೂನೆ 4, ಹೊರಗಿನ ಸಾವಿಗೆ ನಮೂನೆ 4ಎ. ಆಧಾರ: ಜನನ ಮರಣ ನೋಂದಣಿ ಕಾಯ್ದೆ, 1969.

3. ಮೊದಲ ಅಂಕಿ: ಗಾಯಾಳು ಯಾರು?

ಪಾದಚಾರಿಯಿಂದ ಬಸ್‌ವರೆಗಿನ ಸಾಲುಗಳಲ್ಲಿ ಎರಡನೇ ಅಂಕಿ 5 ಎಂದರೆ ಎದುರಿಗಿದ್ದದ್ದು ರೈಲು.

- ಪಾದಚಾರಿ: ವಿ05
- ಸೈಕಲ್ ಸವಾರ: ವಿ15
- ಬೈಕ್, ಸ್ಕೂಟರ್, ಮೊಪೆಡ್: ವಿ25
- ಆಟೋರಿಕ್ಷಾ: ವಿ35
- ಕಾರು: ವಿ45
- ಪಿಕಪ್, ವ್ಯಾನ್: ವಿ55
- ಲಾರಿ: ವಿ65
- ಬಸ್: ವಿ75
- ಎತ್ತಿನಗಾಡಿಯಲ್ಲಿದ್ದವರು: ವಿ80.6
- ರೈಲಿನ ಒಳಗಿದ್ದವರು: ವಿ81
- ಟ್ರ್ಯಾಕ್ಟರ್‌ನಂಥ ಕೃಷಿ ವಾಹನ: ವಿ84. ಇದಕ್ಕೆ ರೈಲು ಡಿಕ್ಕಿಯ ಪ್ರತ್ಯೇಕ ಕೋಡ್ ಇಲ್ಲ.

4. ದಶಾಂಶದ ನಂತರದ ಅಂಕಿ

- ಸೈಕಲ್, ಬೈಕ್: ಸಾರ್ವಜನಿಕ ರಸ್ತೆಯಲ್ಲಿ ಸವಾರ .4, ಹಿಂಬದಿ ಸವಾರ .5, ಹತ್ತುವಾಗ-ಇಳಿಯುವಾಗ .3.
- ಆಟೋದಿಂದ ಬಸ್‌ವರೆಗೆ: ಚಾಲಕ .5, ಪ್ರಯಾಣಿಕ .6, ವಾಹನದ ಹೊರಗೆ ಜೋತುಬಿದ್ದವರು .7, ಹತ್ತುವಾಗ-ಇಳಿಯುವಾಗ .4.
- ಪಾದಚಾರಿ: ಸಾರ್ವಜನಿಕ ರಸ್ತೆಯಲ್ಲಿ .1, ಅದರ ಹೊರಗೆ .0, ತಿಳಿಯದಿದ್ದರೆ .9.
- ಬೇರೆ ಜಾಗವೆಂದು ಬರೆದಿಲ್ಲದಿದ್ದರೆ ವಾಹನ ಅಪಘಾತ ಸಾರ್ವಜನಿಕ ರಸ್ತೆಯಲ್ಲೇ ನಡೆದಿದೆ ಎಂದು ಭಾವಿಸಬೇಕು.

5. ರೈಲಿನೊಳಗಿನ ಗಾಯಾಳು (ವಿ81)

- ರಸ್ತೆಯ ಮೋಟಾರು ವಾಹನಕ್ಕೆ ಡಿಕ್ಕಿ .1, ಇನ್ನೊಂದು ರೈಲಿಗೆ ಡಿಕ್ಕಿ .2, ಹತ್ತುವಾಗ-ಇಳಿಯುವಾಗ .4, ರೈಲಿನೊಳಗೆ ಬಿದ್ದರೆ .5, ರೈಲಿನಿಂದ ಬಿದ್ದರೆ .6, ಡಿಕ್ಕಿಯಿಲ್ಲದೆ ಹಳಿ ತಪ್ಪಿದರೆ .7.

6. ನಿಜ ಘಟನೆ, ಎರಡು ಕೋಡ್

- 2015ರ ಆಗಸ್ಟ್ 24: ಆಂಧ್ರದ ಪೆನುಕೊಂಡ ಬಳಿಯ ಲೆವೆಲ್ ಕ್ರಾಸಿಂಗ್‌ನಲ್ಲಿ ಗ್ರಾನೈಟ್ ತುಂಬಿದ ಲಾರಿ ಬೆಂಗಳೂರು–ನಾಂದೇಡ್ ಎಕ್ಸ್‌ಪ್ರೆಸ್‌ಗೆ ನುಗ್ಗಿತು. ಮೃತರಲ್ಲಿ ರಾಯಚೂರು ಜಿಲ್ಲೆ ದೇವದುರ್ಗದ ಶಾಸಕ ಎ. ವೆಂಕಟೇಶ ನಾಯಕ ಒಬ್ಬರು. ರೈಲಿನ ಪ್ರಯಾಣಿಕರಿಗೆ ವಿ81.1, ಲಾರಿ ಚಾಲಕನಿಗೆ ವಿ65.5. ಅಪಘಾತ ಒಂದೇ, ಕೋಡ್ ಬೇರೆ ಬೇರೆ.
- 2012ರ ಮೇ 22: ಅದೇ ಪೆನುಕೊಂಡದಲ್ಲಿ ಹುಬ್ಬಳ್ಳಿಯಿಂದ ಬೆಂಗಳೂರಿಗೆ ಹೊರಟ ಹಂಪಿ ಎಕ್ಸ್‌ಪ್ರೆಸ್ ನಿಂತಿದ್ದ ಗೂಡ್ಸ್ ರೈಲಿಗೆ ಗುದ್ದಿತು. ಪ್ರಯಾಣಿಕರಿಗೆ ವಿ81.2.

7. ತಪ್ಪುವ ಜಾಗಗಳು

- ‘ರೈಲಿಗೆ ಸಿಕ್ಕು ಗಾಯ’ ಎಂದಷ್ಟೇ ಬರೆದು, ವಾಹನದಲ್ಲಿದ್ದ ಬಗ್ಗೆ ಏನೂ ಇಲ್ಲದಿದ್ದರೆ ಗಾಯಾಳುವನ್ನು ಪಾದಚಾರಿ ಎಂದೇ ಪರಿಗಣಿಸಬೇಕು.
- ತಳ್ಳುಗಾಡಿ ದೂಡುವವರು, ಗಾಲಿಕುರ್ಚಿಯಲ್ಲಿರುವವರು, ರಸ್ತೆ ಬದಿ ಟೈರ್ ಬದಲಿಸುತ್ತಿದ್ದವರು ಕೂಡ ಪಾದಚಾರಿಗಳೇ.
- ಸೈಡ್‌ಕಾರ್ ಇರುವ ಬೈಕ್ ಮೂರು ಚಕ್ರದ್ದಾದರೂ ಆಟೋ ಸಾಲಿಗೆ ಸೇರದು. ಅದು ಬೈಕ್ ಸಾಲು.
- ಉದ್ದೇಶಪೂರ್ವಕ ಸ್ವಹಾನಿ ಎಂದು ದಾಖಲೆ ಹೇಳಿದರೆ ಎಕ್ಸ್81. ಉದ್ದೇಶ ನಿರ್ಧಾರವಾಗದಿದ್ದರೆ ವೈ31. ಯಾರಾದರೂ ತಳ್ಳಿದ್ದರೆ ವೈ02. ಉದ್ದೇಶವನ್ನು ಕೋಡರ್ ಊಹಿಸುವಂತಿಲ್ಲ. ವೈದ್ಯರ ಮತ್ತು ಪೊಲೀಸರ ದಾಖಲೆಯೇ ಆಧಾರ.
- ಹಳೆಯ ಸಾರಿಗೆ ಅಪಘಾತದ ಉಳಿಕೆ ಪರಿಣಾಮಕ್ಕೆ ವೈ85.

8. ಅಮೆರಿಕದ ಆವೃತ್ತಿ

- ಹೆಸರು ಐಸಿಡಿ-10-ಸಿಎಂ. ಅಲ್ಲಿ ಜಾರಿ 2015ರ ಅಕ್ಟೋಬರ್ 1. ಅಮೆರಿಕದ ಆಸ್ಪತ್ರೆಗಳ ದಾಖಲೆ ನೋಡುವ ಕಂಪನಿಗಳಿಗೆ ಸೇರುವವರಿಗೆ ಇದು ಬೇಕೇ ಬೇಕು.
- ಏಳನೇ ಅಕ್ಷರ: ಸಕ್ರಿಯ ಚಿಕಿತ್ಸೆಗೆ ಎ, ನಂತರದ ಆರೈಕೆಗೆ ಡಿ, ಉಳಿಕೆ ಪರಿಣಾಮಕ್ಕೆ ಎಸ್. ನಡುವಿನ ಖಾಲಿ ಜಾಗಕ್ಕೆ ಎಕ್ಸ್.
- ಉದಾಹರಣೆ: ರೈಲು ಡಿಕ್ಕಿಯಲ್ಲಿ ಗಾಯಗೊಂಡ ಕಾರು ಚಾಲಕ: ವಿ45.5ಎಕ್ಸ್‌ಎಕ್ಸ್‌ಎ.
- ಬಾಹ್ಯ ಕಾರಣದ ಕೋಡ್ ಎಂದಿಗೂ ಮೊದಲ ಸ್ಥಾನಕ್ಕೆ ಬರದು.

9. ಕಾನೂನಿನ ಎರಡು ಸಾಲು

- ಕಾವಲಿಲ್ಲದ ಲೆವೆಲ್ ಕ್ರಾಸಿಂಗ್‌ನಲ್ಲಿ ಚಾಲಕನ ಕರ್ತವ್ಯ: ಮೋಟಾರು ವಾಹನ ಕಾಯ್ದೆ 1988, ಸೆಕ್ಷನ್ 131.
- ರೈಲ್ವೆ ಜಾಗಕ್ಕೆ ಅತಿಕ್ರಮ ಪ್ರವೇಶ: ರೈಲ್ವೆ ಕಾಯ್ದೆ 1989, ಸೆಕ್ಷನ್ 147.

10. ಮಾದರಿ ಪ್ರಶ್ನೆಗಳು (ಊರು ನಿಜ, ಘಟನೆ ಕಲ್ಪಿತ)

- ದಾವಣಗೆರೆಯ ಅಶೋಕ ಚಿತ್ರಮಂದಿರದ ಬಳಿಯ ರೈಲ್ವೆ ಗೇಟ್ ದಾಟುವಾಗ ಆಟೋಗೆ ರೈಲು ಬಡಿದು ಚಾಲಕನ ತೊಡೆ ಮೂಳೆ ಮುರಿದಿದೆ. ಉತ್ತರ: ಎಸ್72.9, ವಿ35.5. ಪ್ರಯಾಣಿಕಳಿಗೆ ಪೆಟ್ಟಾಗಿದ್ದರೆ ವಿ35.6.
- ಹದಡಿ ರಸ್ತೆಯಲ್ಲಿ ಭತ್ತದ ಟ್ರ್ಯಾಕ್ಟರ್‌ಗೆ ಲಾರಿ ಡಿಕ್ಕಿ. ಟ್ರ್ಯಾಕ್ಟರ್ ಚಾಲಕನಿಗೆ ಗಾಯ. ಉತ್ತರ: ವಿ84.0.
- ಹರಿಹರ ನಿಲ್ದಾಣದಲ್ಲಿ ಹೊರಟ ರೈಲು ಹತ್ತಲು ಹೋಗಿ ಮೊಣಕಾಲ ಕೆಳಗೆ ಕಾಲು ತುಂಡಾಗಿದೆ. ಉತ್ತರ: ಎಸ್88, ವಿ81.4.
- ಹೆದ್ದಾರಿಯಲ್ಲಿ ಬೈಕ್‌ಗೆ ಲಾರಿ ಡಿಕ್ಕಿ. ಹಿಂಬದಿ ಸವಾರಳಿಗೆ ಗಾಯ. ಉತ್ತರ: ವಿ24.5. ಲಾರಿ, ಬಸ್‌ಗೆ ಎರಡನೇ ಅಂಕಿ 4.
- ಲೆವೆಲ್ ಕ್ರಾಸಿಂಗ್ ಅಲ್ಲದ ಕಡೆ ಹಳಿ ಮೇಲೆ ನಡೆಯುತ್ತಿದ್ದವರಿಗೆ ಆಕಸ್ಮಿಕವಾಗಿ ರೈಲು ಬಡಿದಿದೆ. ಉತ್ತರ: ವಿ05.0.